ಕೋಳಿಹೆಜ್ಜೆ ಕೆತ್ತಿದ ಚಾಣ

ನಾನು ಒಂದು ಚಾಣ. ಕಲ್ಲು ಕೆತ್ತುವ ಉಳಿ. ಹುಟ್ಟಿದಾಗ ಗೇಣುದ್ದ ಇದ್ದೆ, ಈಗ ಹೆಬ್ಬೆರಳಿನಷ್ಟಾಗಿದ್ದೇನೆ. ಪಾಪ ಸವೆದುಹೋಯಿತು ಎಂದು ಯಾರೂ ಮರುಗಬೇಕಾಗಿಲ್ಲ. ನಾನು ಸವೆದದ್ದಕ್ಕಿಂತ ಸವೆಸಿದ್ದೇ ಹೆಚ್ಚು.

ಕೊಪ್ಪಳದ ಕಡೆಯ ಬಂಡೆಸೀಮೆ ನನ್ನದು. ಅಲ್ಲಿ ನೆಲಕ್ಕಿಂತ ಕಲ್ಲೇ ಜಾಸ್ತಿ. ಗುಂಡಿನ ಮೇಲೆ ಗುಂಡು ಕೂತು, ಯಾರೋ ಆಟ ಅರ್ಧಕ್ಕೆ ಬಿಟ್ಟು ಎದ್ದುಹೋದ ಹಾಗೆ ಕಾಣುವ ಗುಡ್ಡಗಳು. ಆ ಗುಡ್ಡಗಳ ನಡುವಿನ ರಸ್ತೆಯಲ್ಲಿ ಒಮ್ಮೆ ಒಂದು ಲಾರಿಯ ಅಚ್ಚು ಮುರಿಯಿತು. ಮುರಿದ ತುಂಡನ್ನು ಕಮ್ಮಾರ ಮಾನಪ್ಪ ಹೊತ್ತು ತಂದು ಕುಲುಮೆಗೆ ಹಾಕಿದ. ಕೆಂಪಗೆ ಕಾಯಿಸಿದ, ಬಡಿದ, ಮತ್ತೆ ಕಾಯಿಸಿದ. ಕೊನೆಗೆ ನನ್ನ ಮೂತಿಯನ್ನು ನೀರಿಗೆ ಅದ್ದಿ ಮೇಲೆತ್ತಿ ಬಣ್ಣ ನೋಡಿದ. ಒಣಹುಲ್ಲಿನ ಬಣ್ಣ ಬರುವ ತನಕ ಕಾದು, ಮತ್ತೊಮ್ಮೆ ಮುಳುಗಿಸಿದ. ಇದಕ್ಕೆ ನೀರು ಕುಡಿಸುವುದು ಎನ್ನುತ್ತಾರೆ. ಹೆಚ್ಚು ಕುಡಿದರೆ ಮೂತಿ ಚಿಟಾರನೆ ಮುರಿಯುತ್ತದೆ, ಕಡಿಮೆ ಕುಡಿದರೆ ಮಡಚಿಕೊಳ್ಳುತ್ತದೆ. ನಾನು ಹದವಾಗಿ ಕುಡಿದವನು. ಅಂದಿನಿಂದ ಯಾವ ಬಂಡೆಗೂ ಹೆದರಿದ್ದಿಲ್ಲ.

ನನ್ನನ್ನು ಮೊದಲು ಕೈಗೆತ್ತಿಕೊಂಡವನು ವಡ್ಡರ ಓಣಿಯ ತಿಪ್ಪಣ್ಣ. ಅವರ ಓಣಿ ಬೋಳುಗುಡ್ಡದ ಬುಡದಲ್ಲಿ. ಒಳಗೆ ಅವರದು ತೆಲುಗು ಬೆರೆತ ಬೇರೆ ಮಾತು, ಊರೊಳಗೆ ಬಂದರೆ ಊರಿನ ಕನ್ನಡ. ತಿಪ್ಪಣ್ಣ ಕುಕ್ಕರುಗಾಲಲ್ಲಿ ಕೂತು ಮೊದಲು ಬಂಡೆಯನ್ನು ಅಂಗೈಯಿಂದ ತಟ್ಟುತ್ತಿದ್ದ, ಎಮ್ಮೆಯ ಬೆನ್ನು ತಟ್ಟಿದ ಹಾಗೆ. ಆಮೇಲೆ ನನ್ನನ್ನು ಇಟ್ಟು ಸುತ್ತಿಗೆ ಎತ್ತುತ್ತಿದ್ದ. ಸಾಲಾಗಿ ತೂತು ಹೊಡೆದು, ಬೆಣೆ ಇಟ್ಟು ಏಟು ಹಾಕುತ್ತ ಹೋದರೆ ಮನೆಯಷ್ಟು ದೊಡ್ಡ ಬಂಡೆ ಕರಬೂಜದ ಹಾಗೆ ಬಿಚ್ಚಿಕೊಳ್ಳುತ್ತಿತ್ತು.

ಊರ ಗುಡಿಯ ಮೆಟ್ಟಿಲುಗಳನ್ನು ಕೆತ್ತಿದವರು ನಾನು ಮತ್ತು ತಿಪ್ಪಣ್ಣ. ಕೊನೆಯ ಮೆಟ್ಟಿಲು ಕೂತ ಮರುದಿನ ಗುಡಿಯನ್ನು ಕೊಡಗಟ್ಟಲೆ ನೀರು ಹಾಕಿ ತೊಳೆದರು. ನಮ್ಮ ಕೆಲಸದಿಂದ ಧೂಳು ಬಿದ್ದಿತ್ತಲ್ಲ, ಅದಕ್ಕೇ ತೊಳೆದರು ಎಂದು ನಾನು ಬಹಳ ವರ್ಷ ತಿಳಿದುಕೊಂಡಿದ್ದೆ. ಚಾಣದ ತಿಳಿವಳಿಕೆ ಅಷ್ಟೇ ಇತ್ತು. ತಿಪ್ಪಣ್ಣನಿಗೆ ಗೊತ್ತಿತ್ತು. ಅವನು ತಾನು ಕೆತ್ತಿದ ಮೆಟ್ಟಿಲನ್ನು ದೂರದಿಂದ ನೋಡಿ, ಬೀಡಿ ಹಚ್ಚಿ, ಬಂದ ದಾರಿಯಲ್ಲೇ ಹಿಂದಿರುಗಿದ.

ಧೂಳು ಗುಡಿಯಿಂದ ಹೋಯಿತು, ತಿಪ್ಪಣ್ಣನ ಎದೆಯಿಂದ ಹೋಗಲಿಲ್ಲ. ಕೆಮ್ಮು ಹತ್ತಿತು. ಮೊದಲು ಸುತ್ತಿಗೆ ಎತ್ತುವಾಗ, ಆಮೇಲೆ ಮಾತಾಡುವಾಗ, ಕಡೆಗೆ ಸುಮ್ಮನೆ ಕೂತಾಗಲೂ. ಮಳೆಗಾಲ ಶುರುವಾಗುವ ಹೊತ್ತಿಗೆ ಅವನು ಸತ್ತ. ಮಗಳು ಆಗಿನ್ನೂ ಅಂಬೆಗಾಲಿಡುತ್ತಿದ್ದಳು.

ಇಲ್ಲಿ ಆ ಓಣಿಯವರ ಒಂದು ಪದ್ಧತಿ ಹೇಳಬೇಕು. ಅವರು ಸತ್ತವರನ್ನು ಬೋಳುಗುಡ್ಡದ ಬುಡದಲ್ಲಿ ಹೂಳುತ್ತಾರೆ. ಮೇಲೊಂದು ಚಪ್ಪಡಿ ಇಡುತ್ತಾರೆ. ಹೆಸರು ಕೆತ್ತುವುದಿಲ್ಲ. ಒಂದೊಂದು ಮನೆತನಕ್ಕೆ ಒಂದೊಂದು ಗುರುತು ಇದೆ: ಮೀನು, ಚೇಳು, ಸೂರ್ಯ. ತಿಪ್ಪಣ್ಣನ ಮನೆಯದು ಕೋಳಿಹೆಜ್ಜೆ, ಮೂರು ಗೀಟು, ಹಿಂದೊಂದು ಚುಕ್ಕೆ. ಆ ಗುರುತನ್ನು ಕೆತ್ತಿ ಚಪ್ಪಡಿಯನ್ನು ಬೋರಲು ಹಾಕುತ್ತಾರೆ. ಕೆತ್ತಿದ ಮುಖ ಕೆಳಗೆ, ಬೋಳು ಬೆನ್ನು ಮೇಲೆ. ಬದುಕಿದ್ದಾಗ ಊರವರ ಕಲ್ಲು ಕೆತ್ತಿದ್ದೇ ಆಯಿತು, ಸತ್ತ ಮೇಲೆ ಕಲ್ಲಿನ ಮುಖ ತನ್ನ ಕಡೆಗೇ ಇರಲಿ ಎಂಬುದು ಅವರ ಲೆಕ್ಕ. ಗಂಡ ಹೆಂಡತಿಯಲ್ಲಿ ಒಬ್ಬರು ಹೋದರೆ ಜೋಡಿ ಕಲ್ಲು ಇಡುತ್ತಾರೆ. ಸತ್ತವರದೊಂದು, ಪಕ್ಕದಲ್ಲಿ ಖಾಲಿ ನೆಲದ ಮೇಲೆ ಬದುಕಿರುವವರದೊಂದು, ಎರಡೂ ಬೋರಲೇ. ಒಮ್ಮೆ ಬೋರಲು ಬಿದ್ದ ಕಲ್ಲನ್ನು ಯಾರೂ ಹೊಳ್ಳಿಸಬಾರದು, ಮಗುಚಿ ಮುಖ ಮೇಲೆ ಮಾಡಬಾರದು. ಹೊಳ್ಳಿಸಿದರೆ ಸತ್ತವನ ಹೊದಿಕೆ ಕಿತ್ತ ಹಾಗೆ.

ತಿಪ್ಪಣ್ಣನ ಜೋಡಿ ಕಲ್ಲುಗಳಿಗೆ ಕೋಳಿಹೆಜ್ಜೆ ಕೆತ್ತಿದ್ದು ಅವನ ಹೆಂಡತಿ ದುರುಗವ್ವ. ಗಂಡಸರು ಕೆತ್ತಬೇಕು ಎಂದು ಯಾರೋ ಅಂದರಂತೆ. ಇವನ ಚಾಣ ಇವನ ಮನೆಯಲ್ಲೇ ಇರಬೇಕಲ್ಲ ಎಂದು ಅವಳು ನನ್ನನ್ನು ಬಿಗಿಯಾಗಿ ಹಿಡಿದಳು. ಅಂದಿನಿಂದ ನಾನು ಅವಳವನಾದೆ.

ದುರುಗವ್ವ ಬಂಡೆ ಒಡೆಯಲಿಲ್ಲ. ಬೀಸುವ ಕಲ್ಲು, ಒಳಕಲ್ಲುಗಳ ಸವೆದ ಮೈಗೆ ಹೊಸ ಹಲ್ಲು ಹೊಡೆಯುವ ಕೆಲಸ ಹಿಡಿದಳು. ಮಗಳನ್ನು ಬೆನ್ನಿಗೆ ಕಟ್ಟಿಕೊಂಡು, ನನ್ನನ್ನು ಸೊಂಟದ ಚೀಲದಲ್ಲಿ ಸಿಕ್ಕಿಸಿಕೊಂಡು ಓಣಿ ಓಣಿ ತಿರುಗುತ್ತ, “ಕಲ್ಲು ಹೊಡಸ್ತೀರೇನ್ರೆವ್ವಾ, ಕಲ್ಲೂ” ಎಂದು ಕೂಗುತ್ತಿದ್ದಳು. ನಾನು ಆಗ ಮನೆಗಳನ್ನು ಕೆಳಗಿನಿಂದ ನೋಡಿದವನು. ಅಡುಗೆಮನೆಯ ಒಳಕಲ್ಲನ್ನು ಹಿತ್ತಲಿಗೆ ಉರುಳಿಸಿ ತರುತ್ತಿದ್ದರು, ದುರುಗವ್ವ ಒಳಗೆ ಬರಬಾರದೆಂದು. ನಾನು ಚಕ್ ಚಕ್ ಎಂದು ಕಲ್ಲಿನ ಮೈಮೇಲೆ ನಡೆದಾಡುತ್ತಿದ್ದೆ. ಕೆಲಸ ಮುಗಿದ ಮೇಲೆ ಅಂಚಿನಲ್ಲಿ, ಯಾರಿಗೂ ಸುಲಭಕ್ಕೆ ಕಾಣದ ಕಡೆ, ಒಂದು ಪುಟ್ಟ ಕೋಳಿಹೆಜ್ಜೆ. ಅವಳು ಹೋದ ಮೇಲೆ ಕಲ್ಲನ್ನು ತೊಳೆದು ಒಳಗೆ ಒಯ್ಯುತ್ತಿದ್ದರು. ಎಷ್ಟು ತೊಳೆದರೂ ಕೋಳಿಹೆಜ್ಜೆ ಹೋಗುತ್ತಿರಲಿಲ್ಲ. ಊರಿನ ಎಷ್ಟೋ ಮನೆಗಳು ಅದೇ ಹೆಜ್ಜೆಯ ಮೇಲೆ ಹಿಟ್ಟು ರುಬ್ಬಿಕೊಂಡು ಉಂಡವು.

ಮಗಳ ಹೆಸರು ಹುಸೇನಮ್ಮ. ಮೊಹರಂ ಹೊತ್ತಿಗೆ ಹುಟ್ಟಿದವಳು, ಅಲಾಯಿ ದೇವರಿಗೆ ಹರಕೆ ಹೊತ್ತು ಪಡೆದವಳು. ನಮ್ಮ ಸೀಮೆಯಲ್ಲಿ ಇದು ಸಾಮಾನ್ಯ. ತಾಯಿ ಕಲ್ಲು ಕುಟ್ಟುವಾಗ ಹುಡುಗಿ ಪಕ್ಕದಲ್ಲಿ ಕೂತು ಬಿದ್ದ ಕಲ್ಲುಪುಡಿಯಲ್ಲಿ ಬೆರಳಾಡಿಸುತ್ತಿದ್ದಳು. ಕಲ್ಲುಪುಡಿಗೆ ಉಗುಳು ಬೆರೆಸಿ ಗೋಡೆಯ ಮೇಲೆ ಕೋಳಿ, ಹಂದಿ, ಅವ್ವನ ಕೈ ಬರೆಯುತ್ತಿದ್ದಳು. ಶಾಲೆಯಲ್ಲಿ ಬಣ್ಣದ ಪೆನ್ಸಿಲು ತನ್ನಿ ಎಂದರೆ ಅವಳು ಬೋಳುಗುಡ್ಡದ ಸುತ್ತ ತಿರುಗಿ ಹಳದಿ ಮಣ್ಣು, ಕೆಂಪು ಮಣ್ಣು, ಸುಟ್ಟ ಕಟ್ಟಿಗೆ ಆರಿಸಿ ತಂದಳು. ಮೇಷ್ಟ್ರು ನಕ್ಕರು. ಆಮೇಲೆ ಅವಳು ಬರೆದದ್ದನ್ನು ಗೋಡೆಗೆ ಅಂಟಿಸಿದರು.

ಊರಿಗೆ ಮಿಕ್ಸಿಗಳು ಬಂದವು. ಒಳಕಲ್ಲುಗಳು ಅಡುಗೆಮನೆಯಿಂದ ಹೊರಬಿದ್ದು ಬಚ್ಚಲ ಪಕ್ಕ ಬಟ್ಟೆ ಒಗೆಯುವ ಕಲ್ಲಾದವು. ದುರುಗವ್ವನ ಕೂಗಿಗೆ ಬಾಗಿಲು ತೆರೆಯುವವರು ಕಡಿಮೆಯಾದರು. ಅವಳ ಕಣ್ಣೂ ಮಂಜಾಗಿತ್ತು. ಕಲ್ಲಿನ ಚೂರು ಎಷ್ಟು ಸಲ ಸಿಡಿದಿದ್ದವೋ. ಅವಳು ಜಾಲಿ ಕಡಿಯಲು, ಹೊಲದ ಕಳೆ ತೆಗೆಯಲು ಹೋದಳು. ನಾನು ಒಂದು ತಗಡಿನ ಡಬ್ಬಿಯಲ್ಲಿ ಮೊಳೆಗಳ ಜೊತೆ ಮಲಗಿದೆ. ಮೊಳೆಗಳ ಸಹವಾಸ ನನಗೆ ಒಗ್ಗಲಿಲ್ಲ. ಒಂದೇ ಏಟಿಗೆ ಗೋಡೆಯಲ್ಲಿ ನೆಲೆ ನಿಂತುಬಿಡುವ ಜಾತಿ ಅದು.

ಹುಸೇನಮ್ಮನಿಗೆ ದೂರದ ಚಿತ್ರಕಲಾ ಕಾಲೇಜಿನಲ್ಲಿ ಸೀಟು ಸಿಕ್ಕಾಗ ಡಬ್ಬಿ ಕೆದಕಿ ನನ್ನನ್ನು ಹುಡುಕಿ ತೆಗೆದಳು. ಅಪ್ಪನ ಮುಖ ಅವಳಿಗೆ ನೆನಪಿರಲಿಲ್ಲ, ಮನೆಯಲ್ಲಿ ಫೋಟೊ ಇರಲಿಲ್ಲ. ನನ್ನ ತಲೆಯ ಮೇಲೆ ಸುತ್ತಿಗೆ ಬಿದ್ದೂ ಬಿದ್ದೂ ಅಣಬೆಯ ಹಾಗೆ ಅರಳಿತ್ತು. ಅದನ್ನು ಬೆರಳಿನಿಂದ ಸವರಿ ಚೀಲಕ್ಕೆ ಹಾಕಿಕೊಂಡಳು.

ಕಾಲೇಜಿನಲ್ಲಿ ಅವಳು ನನ್ನಿಂದ ಕಟ್ಟಿಗೆ ಕೆತ್ತಿದಳು. ಕಟ್ಟಿಗೆ! ಬಂಡೆ ಬಿಚ್ಚಿದವನ ಕೈಗೆ ಬೆಣ್ಣೆ ಕೊಟ್ಟ ಹಾಗಾಯಿತು. ಆದರೆ ಕೆತ್ತಿದ ಹಲಗೆಗೆ ಮಸಿ ಬಳಿದು ಹಾಳೆ ಒತ್ತಿ ಎತ್ತಿದಾಗ ಬೋಳುಗುಡ್ಡ ಅಲ್ಲಿ ಮೂಡಿತ್ತು, ನನ್ನ ಏಟುಗಳು ಮಳೆಯ ಗೆರೆಗಳಾಗಿದ್ದವು. ನಾನು ಮಾತು ನುಂಗಿಕೊಂಡೆ. ಅವಳು ಒಂದೇ ಕಡೆ ನಿಲ್ಲುವವಳಲ್ಲ. ಕಲ್ಲು ಕುಟ್ಟಿ ಪುಡಿ ಮಾಡಿ, ಗೋಂದು ಕಲಸಿ ಬಣ್ಣ ಮಾಡಿದಳು. ಬಂಡೆಯ ಮೇಲೆ ಬಿಳಿ ಬಟ್ಟೆ ಹಾಸಿ ಇದ್ದಿಲು ಉಜ್ಜಿ ಅದರ ಮೈಯ ಒರಟನ್ನು ಬಟ್ಟೆಗೆ ಇಳಿಸಿದಳು. ನಾನು ಕಲ್ಲಿಗೆ ಬಡಿಯುವ ಸದ್ದನ್ನು ಯಂತ್ರದಲ್ಲಿ ಹಿಡಿದು, ಕತ್ತಲ ಕೋಣೆಯಲ್ಲಿ ಕೇಳಿಸಿದಳು. ಕೇಳಿದವರು ಕಣ್ಣು ಮುಚ್ಚಿ ಕೂತರು. ದುರುಗವ್ವ ಅದೇ ಸದ್ದನ್ನು ದಿನವಿಡೀ ಮಾಡುತ್ತಿದ್ದಾಗ ಜನ ಕಿಟಕಿ ಮುಚ್ಚುತ್ತಿದ್ದರು.

ಆದರೆ ಅವಳು ಏನೇ ಮಾಡಿದರೂ ಒಂದು ಪ್ರಶ್ನೆ ಅವಳ ಬೆನ್ನು ಬಿಡಲಿಲ್ಲ. ಮೊದಲು ಹೆಸರು ಕೇಳುತ್ತಿದ್ದರು, ಮುಸ್ಲಿಮರಾ ಎನ್ನುತ್ತಿದ್ದರು. ಅಲ್ಲ ಎಂದರೆ ಮತ್ತೆ ಯಾರು ಎನ್ನುತ್ತಿದ್ದರು. ಯಾರೆಂದು ತಿಳಿದ ಮೇಲೆ ಅವರ ಕಣ್ಣಿನಲ್ಲಿ ಚಿತ್ರ ಹೋಗಿ ಜಾತಿ ಬಂದು ಕೂರುತ್ತಿತ್ತು. ಒಮ್ಮೆ ಒಬ್ಬ ದೊಡ್ಡ ಮನುಷ್ಯ ಮೆಚ್ಚುಗೆಯಿಂದಲೇ, ನಿಮ್ಮವರಿಗೆ ಕಲ್ಲು ರಕ್ತದಲ್ಲೇ ಬಂದಿರುತ್ತದೆ ಬಿಡಿ ಅಂದ.

“ರಕ್ತದಾಗ ಬಂದಿಲ್ರಿ ಸರ್,” ಅಂದಳು ಹುಸೇನಮ್ಮ. “ನಮ್ಮಪ್ಪನ ಎದಿಯಾಗ ಬಂದಿತ್ತು. ಎಕ್ಸರೇದಾಗ ಕಾಣ್ತಿತ್ತಂತ.”

ಅವನು ಮುಂದಿನ ಚಿತ್ರಕ್ಕೆ ಸರಿದ. ನನಗೆ ಬಂಡೆ ಬಿಚ್ಚಿದಷ್ಟು ಸಂತೋಷವಾಯಿತು. ಅವಳಿಗೆ ಆಗಲಿಲ್ಲ. ಆ ದಿನ ಅವಳೊಳಗೆ ಏನೋ ಗಟ್ಟಿಯಾಯಿತು. ಇನ್ನು ಮುಂದೆ ನನ್ನ ಚಿತ್ರದಲ್ಲಿ ಯಾರೂ ಇರಬಾರದು, ಬರೀ ಕಲ್ಲು, ಬರೀ ಬಿಸಿಲು, ಬರೀ ಗಾಳಿ ಇರಬೇಕು, ಆಗ ನಿಮ್ಮವರು ಯಾರು ಎಂದು ಹೇಗೆ ಕೇಳುತ್ತಾರೆ ನೋಡೋಣ ಎಂದು ಜೊತೆಯವಳೊಬ್ಬಳಿಗೆ ಹೇಳುತ್ತಿದ್ದಳು. ಅವಳ ಸಿಟ್ಟು ನ್ಯಾಯದ್ದೇ. ಅದು ಹಿಡಿದ ದಾರಿ ಮಾತ್ರ ತಪ್ಪಿತ್ತು.

ಕಾಲೇಜು ಮುಗಿಸಿ ಅವಳು ಊರಿಗೆ ಬಂದು ಒಂದು ಬೇಸಿಗೆಯಿಡೀ ಬೋಳುಗುಡ್ಡದಲ್ಲಿ ಕಳೆದಳು. ಮುಂಜಾನೆ ಕ್ಯಾಮೆರಾ ಇಟ್ಟು ಬಿಸಿಲಿಗೆ ಕಾಯುತ್ತಿದ್ದಳು. ಬುಡದಲ್ಲಿ ಬಿದ್ದಿದ್ದ ಬೋಳು ಚಪ್ಪಡಿಗಳ ಮೇಲೂ ಬಟ್ಟೆ ಹಾಸಿ ಇದ್ದಿಲು ಉಜ್ಜಿದಳು. ಅವು ಗೋರಿಗಳೆಂದು ಅವಳಿಗೆ ಗೊತ್ತಿತ್ತು, ಒಂದರ ಕೆಳಗೆ ಅಪ್ಪನಿದ್ದಾನೆಂದೂ ಗೊತ್ತಿತ್ತು. ಆದರೆ ಬಟ್ಟೆಯ ಮೇಲೆ ಇಳಿದದ್ದು ಬೋಳು ಕಲ್ಲಿನ ಚರ್ಮ ಮಾತ್ರ. ಅವಳಿಗೆ ಅಷ್ಟೇ ಬೇಕಾಗಿತ್ತು. ದುರುಗವ್ವ ಕೊಡ ಹೊತ್ತು ಅಡ್ಡ ಬಂದಾಗಲೆಲ್ಲ ಹುಸೇನಮ್ಮ ಸ್ವಲ್ಪ ಆಚೆ ಸರಿ ಎನ್ನುತ್ತಿದ್ದಳು. ಅವ್ವ ಸರಿಯುತ್ತಿದ್ದಳು. ಮಗಳು ಏನೋ ದೊಡ್ಡದು ಮಾಡುತ್ತಿದ್ದಾಳೆ ಎಂಬ ಹಿಗ್ಗಿನಲ್ಲಿ ಬಂಡೆಯ ಮರೆಗೆ ಹೋಗಿ, ಕೊಡ ಇಳಿಸದೆ, ಫೋಟೊ ಮುಗಿಯುವ ತನಕ ನಿಲ್ಲುತ್ತಿದ್ದಳು.

ಆ ಪ್ರದರ್ಶನಕ್ಕೆ ಹುಸೇನಮ್ಮ ಇಟ್ಟ ಹೆಸರು ‘ಖಾಲಿ ಬಂಡೆ’. ನಗರದ ದೊಡ್ಡ ಕಲಾ ಗ್ಯಾಲರಿಯಲ್ಲಿ ನಡೆಯಿತು. ಫೋಟೊಗಳು, ಇದ್ದಿಲಿನ ಬಟ್ಟೆಗಳು, ಮಣ್ಣಿನ ಬಣ್ಣದ ಚಿತ್ರಗಳು, ಗಾಳಿಯ ಸದ್ದು. ನಾನು ನಡುವೆ ಒಂದು ಗಾಜಿನ ಪೆಟ್ಟಿಗೆಯಲ್ಲಿ ಬಿಳಿ ಬಟ್ಟೆಯ ಮೇಲೆ ಮಲಗಿದ್ದೆ. ಪಕ್ಕದಲ್ಲಿ ಚೀಟಿ: ‘ಚಾಣ. ಉಕ್ಕು. ಬಳಸಿದವರು ತಿಳಿದಿಲ್ಲ.’ ಗ್ಯಾಲರಿಯವರು ಬರೆದದ್ದು. ಹುಸೇನಮ್ಮ ಓದಿದಳು, ಪೆನ್ನು ತೆಗೆದಳು, ಮತ್ತೆ ಜೇಬಿಗೆ ಹಾಕಿಕೊಂಡಳು. ಪ್ರದರ್ಶನ ಗೆದ್ದಿತು. ಚಿತ್ರಗಳನ್ನೆಲ್ಲ ಒಂದು ಪುಸ್ತಕ ಮಾಡಿ ಹಂಚಿದರು. ನನ್ನನ್ನು ಗ್ಯಾಲರಿಗೇ ಕಾಣಿಕೆಯಾಗಿ ಕೊಟ್ಟು ಅವಳು ಹೋದಳು. ನಾನು ಗಾಜಿನೊಳಗೆ ಉಳಿದೆ. ಧೂಳಿಲ್ಲ, ತುಕ್ಕಿಲ್ಲ, ಏಟಿಲ್ಲ. ಹುಟ್ಟಿದ ಮೇಲೆ ಮೊದಲ ಸಲ ನನಗೆ ಸತ್ತ ಹಾಗನಿಸಿದ್ದು ಅಲ್ಲಿಯೇ.

ಒಂದು ದಿನ ಅವಳು ಹಿಂದಿರುಗಿ ಬಂದಳು. ಮುಖ ಸುಟ್ಟ ಇದ್ದಿಲಿನ ಹಾಗಿತ್ತು. ಗ್ಯಾಲರಿ ನೋಡಿಕೊಳ್ಳುವವರ ಬಳಿ ಪೆಟ್ಟಿಗೆ ತೆರೆಯಿರಿ ಅಂದಳು. ಸಂಗ್ರಹಕ್ಕೆ ಸೇರಿದ ವಸ್ತು, ಮೇಲಿನವರ ಅನುಮತಿ ಬೇಕು ಎಂದರು. ಅವಳು ವಾದ ಮಾಡಲಿಲ್ಲ.

“ನಮ್ಮವ್ವ ಕೇಳ್ಯಾಳ,” ಅಂದಳು. “ಆಕಿ ಚಾಣ ಇದು.”

ಅವರು ಅವಳ ಮುಖ ನೋಡಿ ಬೀಗ ತೆಗೆದರು. ಹೋಗುವಾಗ ಅವಳು ಆ ಚೀಟಿಯ ಮೇಲಿದ್ದ ‘ತಿಳಿದಿಲ್ಲ’ ಎಂಬುದನ್ನು ಹೊಡೆದು ಹಾಕಿ, ‘ದುರುಗವ್ವ, ತಿಪ್ಪಣ್ಣ’ ಎಂದು ಬರೆದು ಖಾಲಿ ಪೆಟ್ಟಿಗೆಯಲ್ಲೇ ಬಿಟ್ಟಳು.

ನಡೆದದ್ದು ಇಷ್ಟು. ಒಂದು ಕಲ್ಲುಗಣಿ ಕಂಪನಿ ಬೋಳುಗುಡ್ಡವನ್ನು ಗುತ್ತಿಗೆಗೆ ಕೇಳಿತ್ತು. ಸಿಡಿಮದ್ದಿಟ್ಟು ಗುಡ್ಡವನ್ನು ಚಪ್ಪಡಿ ಮಾಡಿ ಹಡಗು ಹತ್ತಿಸುವ ಯೋಜನೆ. ಓಣಿಯವರು ಅದು ನಮ್ಮ ಮಣ್ಣು ಮಾಡುವ ಜಾಗ ಎಂದು ತಕರಾರು ಹಾಕಿದರು. ಕಾಗದದಲ್ಲಿ ಅಂಥ ಜಾಗವೇ ಇರಲಿಲ್ಲ. ಯಾರು ಬರೆಸುತ್ತಾರೆ? ಕಂಪನಿಯ ಮನುಷ್ಯ ಸಭೆಯಲ್ಲಿ ಬಣ್ಣದ ಪುಸ್ತಕವೊಂದನ್ನು ಎತ್ತಿ ತೋರಿಸಿದ. ಇದೇ ಓಣಿಯ ಮಗಳು ಮಾಡಿದ ಪುಸ್ತಕ, ಹೆಸರೇ ಖಾಲಿ ಬಂಡೆ, ಪುಟ ಪುಟ ನೋಡಿ, ಎಲ್ಲಾದರೂ ಗೋರಿ ಇದೆಯೇ, ಮನುಷ್ಯರು ಇದ್ದಾರೆಯೇ ಎಂದ. ಪುಸ್ತಕ ಕೈಯಿಂದ ಕೈಗೆ ಹೋಯಿತು. ಓಣಿಯ ಹಿರಿಯ ಮಾರೆಪ್ಪನ ಕೈಗೆ ಬಂದಾಗ ಅವನು ತನ್ನ ಹೆಂಡತಿಯ ಗೋರಿಯ ಚಪ್ಪಡಿಯನ್ನು ಅದರಲ್ಲಿ ಗುರುತಿಸಿದನಂತೆ. ಬಹಳ ಚಂದ ಬಂದಿತ್ತಂತೆ. ತಹಸೀಲ್ದಾರರು ತಾವೇ ಬಂದು ಸ್ಥಳ ನೋಡಿ ತೀರ್ಮಾನ ಬರೆಯುವುದಾಗಿ ಹೇಳಿ ಎದ್ದರು.

ಹುಸೇನಮ್ಮ ನನ್ನನ್ನು ಹಿಡಿದು ಮನೆಗೆ ಬಂದಾಗ ಅಂಗಳದಲ್ಲಿ ಓಣಿಯವರು ಕೂತಿದ್ದರು. ಯಾರೂ ಬೈಯಲಿಲ್ಲ. ಅದೇ ಅವಳಿಗೆ ಹೆಚ್ಚು ತಾಗಿತು. ದುರುಗವ್ವ ಜೋಳ ಹಸನು ಮಾಡುತ್ತಿದ್ದಳು. ತಲೆ ಎತ್ತದೆ ಕೇಳಿದಳು:

“ನಿನ್ನ ಚಿತ್ರದಾಗ ಬರಬಾರದಂತ ಸರಿದು ನಿಂತಿದ್ನೆಲ್ಲ, ಹುಸೇನಿ. ಈಗ ಎಲ್ಲಿ ಸರಿದು ನಿಂದ್ರಲಿ ಹೇಳು.”

ಮಗಳು ಅವರ ನಡುವೆಯೇ ಕೂತಳು. ಅಳಲಿಲ್ಲ. ಕಲ್ಲುಗಳನ್ನು ಹೊಳ್ಳಿಸೋಣ, ಕೆಳಗಿನ ಗುರುತು ತೋರಿಸಿದರೆ ಯಾರೂ ಇಲ್ಲವೆನ್ನಲಾರರು ಎಂದಳು. ಮಾರೆಪ್ಪನಿಗೆ ಸಿಟ್ಟು ನೆತ್ತಿಗೇರಿತು. ಕಂಪನಿಯವರು ಮದ್ದಿಟ್ಟು ತೆಗೆಯುವುದನ್ನು ನೀನು ಕೈಯಿಂದ ತೆಗೆಯುತ್ತೀಯಾ, ಎರಡಕ್ಕೂ ಏನು ಫರಕು ಎಂದ. ಗಂಡಸರು ಇಬ್ಭಾಗವಾದರು. ಕಿರಿಯರು ಹೊಳ್ಳಿಸಲೇಬೇಕೆಂದರು, ಹಿರಿಯರು ತಮ್ಮ ಹೆಣ ಬಿದ್ದ ಮೇಲೆ ಎಂದರು. ನಾನು ಹುಸೇನಮ್ಮನ ಮಡಿಲಲ್ಲಿದ್ದೆ. ಗುಡ್ಡ ಉಳಿಸಬೇಕಾದರೆ ಸತ್ತವರ ಹೊದಿಕೆ ಕೀಳಬೇಕು, ಹೊದಿಕೆ ಉಳಿಸಬೇಕಾದರೆ ಗುಡ್ಡ ಬಿಡಬೇಕು. ಇಂಥ ಬಂಡೆಗೆ ಎಲ್ಲಿ ತೂತು ಹೊಡೆಯಬೇಕೆಂದು ನನಗೂ ಹೊಳೆಯಲಿಲ್ಲ.

ದುರುಗವ್ವ ಮೊರ ಕೆಳಗಿಟ್ಟಳು.

“ನನ್ನ ಕಲ್ಲು ಹೊಳ್ಳಸ್ರಿ,” ಅಂದಳು. “ನಾ ಇನ್ನೂ ಸತ್ತಿಲ್ಲ. ನನ್ನ ಹಚ್ಚಡ ನಾ ಕಿತ್ಕೊಂಡ್ರ ಯಾರಪ್ಪನ ಗಂಟು ಹೋಗ್ತೈತಿ?”

ಮಾರೆಪ್ಪನ ಗಂಟಲಿನಿಂದ ಒಂದು ಸದ್ದು ಬಂತು. ನಗು ಎಂದು ತಿಳಿಯಲು ಸ್ವಲ್ಪ ಹೊತ್ತು ಬೇಕಾಯಿತು. ಅವನದೂ ಒಂದು ಕಲ್ಲು ಹೆಂಡತಿಯ ಪಕ್ಕದಲ್ಲಿ ಬೋರಲು ಬಿದ್ದಿತ್ತು. ಓಣಿಯಲ್ಲಿ ಜೋಡಿ ಕಳೆದುಕೊಂಡವರಿಗೇನು ಕಡಿಮೆಯೇ? ಕೆಮ್ಮಿ ಸತ್ತ ಗಂಡಸರ ಹೆಂಡಂದಿರೇ ಅರ್ಧ ಓಣಿ ಇದ್ದರು.

ತಹಸೀಲ್ದಾರರು ಬಿಸಿಲೇರುವ ಮೊದಲೇ ಬಂದರು. ಕಂಪನಿಯ ಮನುಷ್ಯನೂ ಪುಸ್ತಕ ಹಿಡಿದು ಬಂದ. ಬೋಳುಗುಡ್ಡದ ಬುಡದಲ್ಲಿ ಮುದುಕಿಯರು, ಮುದುಕರು ತಮ್ಮ ತಮ್ಮ ಕಲ್ಲಿನ ಪಕ್ಕ ನಿಂತಿದ್ದರು. ಅವರು ನಿಂತಾಗಲೇ ಮೊದಲ ಸಲ ಆ ಚಪ್ಪಡಿಗಳಿಗೆ ಸಾಲು ಇದೆಯೆಂದು ಹೊರಗಿನವರ ಕಣ್ಣಿಗೆ ಕಂಡಿತು. ಕಂಪನಿಯವನು ಪುಸ್ತಕ ಬಿಚ್ಚಿ ಹಳೆಯ ಪಾಠ ಒಪ್ಪಿಸಿದ. ತಹಸೀಲ್ದಾರರು ಹುಸೇನಮ್ಮನ ಕಡೆ ತಿರುಗಿ, ಇದು ನೀವೇ ಮಾಡಿದ್ದಲ್ಲವೇ, ಖಾಲಿ ಎಂದು ನೀವೇ ಬರೆದಿದ್ದೀರಲ್ಲ ಎಂದು ಕೇಳಿದರು.

“ನಾನೇ ಬರದದ್ದು ಸಾಹೇಬ್ರ,” ಅಂದಳು. ಪುಸ್ತಕ ಈಸಿಕೊಂಡು ಒಂದು ಪುಟ ತೆರೆದು, ಎಡ ಅಂಚಿನಲ್ಲಿ ಬೆರಳಿಟ್ಟಳು. “ಇಲ್ಲೆ ಒಂದು ನೆರಳು ಐತಿ ನೋಡ್ರಿ. ತಲಿ ಮ್ಯಾಲೆ ಕೊಡ ಐತಿ. ಅದು ನಮ್ಮವ್ವ. ಆಕಿನ್ನ ನಾನೇ ಆಚೆ ಕಳಿಸಿದ್ದೆ. ಬಂಡೆ ಖಾಲಿ ಇರಲಿಲ್ಲ, ನಾ ಖಾಲಿ ಮಾಡಿಸಿದ್ದೆ.”

ಹಾಗೆಂದು ಅವಳು ಅವ್ವನ ಕಡೆ ನೋಡಿದಳು. ದುರುಗವ್ವ ಬಾಗಿ ತನ್ನ ಕಲ್ಲಿನ ಅಂಚಿಗೆ ಬೆರಳು ಹಾಕಿದಳು. ಮಗಳು ಇನ್ನೊಂದು ಅಂಚು ಹಿಡಿದಳು. ಕಲ್ಲು ನೆಲಕ್ಕೆ ಅಂಟಿಕೊಂಡಿತ್ತು. ಹುಲ್ಲಿನ ಬೇರು ಪಟಪಟ ಹರಿದವು. ಹೊಳ್ಳಿದಾಗ ಕೆಳಗಿನಿಂದ ಒಂದು ಚೇಳು ಬಾಲ ಎತ್ತಿ ಹೊರಟು, ಕಂಪನಿಯವನ ಬೂಟಿನ ಕಡೆಗೇ ನಡೆಯಿತು. ಅವನು ಎಗರಿ ಹಿಂದಿನ ಚಪ್ಪಡಿಯ ಮೇಲೆ ಹತ್ತಿದ. ಅದು ಮಾರೆಪ್ಪನ ಹೆಂಡತಿಯದು.

“ಇಳೀರಿ ಸಾಹೇಬ್ರ,” ಅಂದ ಮಾರೆಪ್ಪ, ಬಹಳ ಮರ್ಯಾದೆಯಿಂದ. “ಆಕಿ ಮೊದಲಿಂದ್ಲೂ ಮೈಮ್ಯಾಲೆ ಬಂದೋರ್ನ ಬಿಟ್ಟಾಕಿ ಅಲ್ಲ.”

ಕಲ್ಲಿನ ಮುಖಕ್ಕೆ ಕೆಂಪು ಮಣ್ಣು ಮೆತ್ತಿತ್ತು. ಇರುವೆ ಮೊಟ್ಟೆಗಳು ಗೀಟುಗಳ ಒಳಗೆ ಅಕ್ಕಿನುಚ್ಚಿನ ಹಾಗೆ ತುಂಬಿದ್ದವು. ದುರುಗವ್ವ ಸೆರಗಿನಿಂದ ಒರೆಸಿದಳು. ಮೂರು ಗೀಟು, ಒಂದು ಚುಕ್ಕೆ. ನನ್ನ ಕೆಲಸ. ಅವಳು ಹೊಸ ವಿಧವೆಯಾಗಿದ್ದಾಗ ಕೈ ತಪ್ಪಿ ನಡುವಿನ ಗೀಟು ಸ್ವಲ್ಪ ಉದ್ದವಾಗಿತ್ತು. ಅದೂ ಹಾಗೇ ಇತ್ತು. ಆಮೇಲೆ ಒಬ್ಬೊಬ್ಬರೇ ಬಾಗಿದರು. ಮಾರೆಪ್ಪನ ಮೀನು ಮೇಲೆ ಬಂತು. ಚೇಳು ಬಂತು, ಸೂರ್ಯ ಬಂದ. ಹುಸೇನಮ್ಮ ಒಂದೊಂದರ ಮೇಲೂ ಬಿಳಿ ಬಟ್ಟೆ ಹಾಸಿ ಇದ್ದಿಲು ಉಜ್ಜಿ, ಮೂಡಿದ ಗುರುತನ್ನು ಎತ್ತಿ ಬಂಡೆಗಳ ನಡುವೆ ಕಟ್ಟಿದ ಹಗ್ಗಕ್ಕೆ ಹಾಕುತ್ತ ಹೋದಳು. ಗಾಳಿಗೆ ಬಟ್ಟೆಗಳು ಹಾರಾಡಿದವು. ಪ್ರತಿ ಹೊಳ್ಳಿದ ಕಲ್ಲಿನ ಪಕ್ಕದಲ್ಲೂ ಹೊಳ್ಳದ ಕಲ್ಲೊಂದು ಸುಮ್ಮನೆ ಮಲಗಿತ್ತು. ಅದನ್ನು ಯಾರೂ ಮುಟ್ಟಲಿಲ್ಲ, ಮುಟ್ಟಿ ತೋರಿಸಿ ಎಂದು ಯಾರೂ ಕೇಳಲಿಲ್ಲ.

ಕಂಪನಿಯವನು ಇವೆಲ್ಲ ನಿನ್ನೆ ಮೊನ್ನೆ ಕೆತ್ತಿದ್ದಿರಬಹುದು ಎಂದ. ತಹಸೀಲ್ದಾರರು ಕಲ್ಲಿಗೆ ಹಿಡಿದುಕೊಂಡಿದ್ದ ಬೇರನ್ನು ಬೆರಳಿನಿಂದ ಎಳೆದರು, ಬರಲಿಲ್ಲ. ಎದ್ದು ನಿಂತು ತಾವು ನಿಂತಿದ್ದ ಜಾಗ ನೋಡಿಕೊಂಡರು. ಬೂಟು ಬಿಚ್ಚಿ ಕೈಯಲ್ಲಿ ಹಿಡಿದು, ಕಲ್ಲುಗಳ ನಡುವೆ ಬರಿಗಾಲಲ್ಲಿ ನಡೆದು ಹೋದರು. ಅವರು ಬರೆದ ತೀರ್ಮಾನದಲ್ಲಿ ಬುಡದ ಜಾಗವೂ ಅದಕ್ಕೆ ಹೊಂದಿದ ಗುಡ್ಡದ ಮುಖವೂ ಓಣಿಯವರ ಸ್ಮಶಾನವೆಂದು ದಾಖಲಾಯಿತು. ಗುಡ್ಡದ ಹಿಂಭಾಗದ ಮಾತು ಇನ್ನೂ ಮುಗಿದಿಲ್ಲ. ಕಂಪನಿ ಆ ಕಡೆಯಿಂದ ಬರುತ್ತದಂತೆ. ಬರಲಿ. ಗುಡ್ಡಕ್ಕೆ ಹಿಂದು ಮುಂದು ಎರಡೂ ಇವೆ, ಓಣಿಯವರಿಗೂ ಇವೆ.

ನನ್ನನ್ನು ಯಾಕೆ ತರಿಸಿದ್ದಳು ದುರುಗವ್ವ? ಅದು ಕಲ್ಲು ಹೊಳ್ಳಿಸಿದ ದಿನದ ಸಂಜೆ ತಿಳಿಯಿತು. ಅವಳು ಮಗಳನ್ನು ತಿಪ್ಪಣ್ಣನ ಕಲ್ಲಿನ ಮುಂದೆ ಕೂರಿಸಿದಳು. ಕಲ್ಲು ಹೊಳ್ಳಿಸಬಾರದು, ಆದರೆ ಮೇಲಿನ ಬೆನ್ನಿನ ಮೇಲೂ ಗುರುತು ಹೊಡೆಯಬಾರದೆಂದು ಯಾರು ಹೇಳಿದ್ದಾರೆ ಎಂದಳು. ಕೆಳಗಿನದು ಅವನಿಗೆ, ಮೇಲಿನದು ಊರಿಗೆ. ಹುಸೇನಮ್ಮ ಅಲ್ಲಿಯ ತನಕ ನನ್ನಿಂದ ಕಟ್ಟಿಗೆ ಕೆತ್ತಿದ್ದಳು, ನನ್ನ ಸದ್ದು ಹಿಡಿದಿದ್ದಳು, ನನ್ನನ್ನು ಗಾಜಿನೊಳಗಿಟ್ಟಿದ್ದಳು. ಕಲ್ಲಿನಲ್ಲಿ ಒಂದು ಗೀಟು ಹೊಡೆದಿರಲಿಲ್ಲ. ಮೊದಲ ಏಟಿಗೆ ನಾನು ಜಾರಿದೆ. ಎರಡನೆಯದಕ್ಕೆ ಅವಳ ಹೆಬ್ಬೆರಳು ಜಜ್ಜಿತು. ಕಣ್ಣು ಮಂಜಾದ ತಾಯಿ ಹಿಂದಿನಿಂದ ಬಂದು ಮಗಳ ಮಣಿಕಟ್ಟನ್ನು ಹಿಡಿದಳು. ಓರೆ ಹಿಡಿ, ಕಲ್ಲನ್ನು ಕೇಳಬೇಡ, ಹೇಳು ಎಂದಳು. ನಾನು ಕಲ್ಲಿನೊಳಗೆ ಇಳಿದೆ. ತಿಪ್ಪಣ್ಣನ ಮುಷ್ಟಿಯ ಬಿಗಿ ಆ ಹೊಸ ಮುಷ್ಟಿಯಲ್ಲಿ ಎಲ್ಲಿಂದ ಬಂತೋ ಕಾಣೆ. ರಕ್ತದಲ್ಲಿ ಬಂತು ಎನ್ನಲಾರೆ, ಅವಳು ಕೇಳಿದರೆ ನನ್ನನ್ನೂ ಬಿಡಲಾರಳು. ಕಲಿತಳು, ಅಷ್ಟೇ.

ಆ ವರ್ಷವಿಡೀ ನಾವು ಸತ್ತವರ ಕಲ್ಲುಗಳ ಬೆನ್ನಿನ ಮೇಲೆ ಗುರುತು ಹೊಡೆದೆವು. ಮೀನು, ಚೇಳು, ಸೂರ್ಯ. ಆ ಕೆಲಸದಲ್ಲೇ ನಾನು ಇಷ್ಟು ಸಣ್ಣವನಾದೆ. ಮಾನಪ್ಪನ ಮಗ ಎರಡು ಸಲ ಮೂತಿ ಬಡಿದು ನೀರು ಕುಡಿಸಿದ. ಮೂರನೆಯ ಸಲ ಬಡಿಯಲು ಏನೂ ಉಳಿದಿರಲಿಲ್ಲ.

ಕೆಲಸ ಮುಗಿದ ದಿನ ಹುಸೇನಮ್ಮ ಕ್ಯಾಮೆರಾ ತಂದಳು. ಅದೇ ಜಾಗ, ಅದೇ ಬಿಸಿಲಿನ ಹೊತ್ತು. ದುರುಗವ್ವ ಅಭ್ಯಾಸಬಲದಿಂದ ಬಂಡೆಯ ಮರೆಗೆ ಹೊರಟಿದ್ದಳು.

“ಯವ್ವಾ, ಎಲ್ಲಿ ಹೊಂಟಿ? ಇಲ್ಲೆ ಬಾ. ನಡುವ ನಿಂದ್ರು.”

ದುರುಗವ್ವ ನಿಂತಳು. ಸೆರಗು ಸರಿಮಾಡಿಕೊಂಡಳು, ತನ್ನ ಮಾಸಿದ ಸೀರೆ ನೋಡಿಕೊಂಡಳು.

“ಮೊದಲ ಹೇಳಿದ್ರ ಚೊಲೋ ಸೀರಿ ಉಟ್ಟು ಬರ್ತಿದ್ನೆಲ್ಲ,” ಎಂದು ಗೊಣಗುತ್ತ ಬಂದು ಬೆಳಕಿನ ನಡುವೆ ನಿಂತಳು.

ಈಗ ನಾನು ಕೆಲಸಕ್ಕೆ ಬರುವವನಲ್ಲ. ತಿಪ್ಪಣ್ಣನ ಕಾಲದಲ್ಲಿ ನಾನೇ ಹೊಡೆದು ಅರ್ಧಕ್ಕೆ ಬಿಟ್ಟಿದ್ದ ಒಂದು ತೂತು ಬೋಳುಗುಡ್ಡದ ಬಂಡೆಯಲ್ಲಿದೆ. ಹುಸೇನಮ್ಮ ನನ್ನನ್ನು ಅದರೊಳಗೆ ಇಟ್ಟಿದ್ದಾಳೆ. ಗ್ಯಾಲರಿಯವರು ಹೊಸ ಪ್ರದರ್ಶನಕ್ಕೆ ನನ್ನನ್ನು ಮತ್ತೆ ಕೇಳಿದರಂತೆ. ಅದು ಈಗ ಅದರ ಮನೆಯಲ್ಲಿದೆ, ನೋಡಬೇಕಾದರೆ ನೀವೇ ಬನ್ನಿ ಎಂದು ಹೇಳಿ ಕಳಿಸಿದಳು. ಮಳೆ ಬಂದರೆ ನೆನೆಯುತ್ತೇನೆ, ತುಕ್ಕು ಹಿಡಿಯುತ್ತಿದೆ. ಬಂಡೆಗೆ ನನ್ನ ಕೆಂಪು ಸ್ವಲ್ಪ ಸ್ವಲ್ಪವೇ ಇಳಿಯುತ್ತಿದೆ, ಅದನ್ನೂ ಅವಳು ಬಟ್ಟೆಗೆ ಒತ್ತಿಕೊಂಡು ಹೋಗುತ್ತಾಳೆ.

ದುರುಗವ್ವ ಬೆಳಗ್ಗೆ ಬಂದು ತನ್ನ ಹೊಳ್ಳಿದ ಕಲ್ಲಿನ ಮೇಲೆ ಕೂತು ಎಲೆಯಡಿಕೆ ಹಾಕುತ್ತಾಳೆ. ಇದನ್ನು ಮತ್ತೆ ಬೋರಲು ಹಾಕೋದು ಯಾವಾಗ ಎಂದು ಮಾರೆಪ್ಪ ತಮಾಷೆ ಮಾಡಿದರೆ, ನಾನು ಹೋದ ಮೇಲೂ ಇದು ಹೀಗೇ ಇರಲಿ, ಮುಖ ಮೇಲೆ ಮಾಡಿಕೊಂಡು ನೋಡುತ್ತಿರುತ್ತೇನೆ, ಆ ಕಡೆಯಿಂದ ಯಾರು ಬರುತ್ತಾರೋ ಎನ್ನುತ್ತಾಳೆ. ಹಾಗೆಂದು ಗುಡ್ಡದ ಹಿಂಭಾಗದ ಕಡೆ ಎಲೆಯ ಕೆಂಪನ್ನು ಉಗಿಯುತ್ತಾಳೆ.